ಕಾರಿನ ಕಿಟಕಿಯಾಚೆಯ ಮೆಕ್ಸಿಕೊ

ಹದಿಹರೆಯದ ಗೆಳೆಯರಿಬ್ಬರು, ಅವರಿಗಿಂತ ಹಿರಿಯಳಾದ ವಿವಾಹಿತೆ ಲೂಯಿಸಾ, ಹುಡುಗರು ಕಲ್ಪಿಸಿ ಹೇಳಿದ ಕಡಲತೀರದತ್ತ ಪಯಣ. ಅಲ್ಫೊನ್ಸೊ ಕ್ವಾರೋನ್ ನಿರ್ದೇಶನದ ‘ಇ ತು ಮಾಮಾ ತಾಂಬಿಯೆನ್’ (2001) ಚಿತ್ರದ ಕಥೆ ಮೇಲ್ನೋಟಕ್ಕೆ ಇಷ್ಟೇ. ವೆನಿಸ್ ಚಿತ್ರೋತ್ಸವದಲ್ಲಿ ಶ್ರೇಷ್ಠ ಚಿತ್ರಕಥೆಯ ಪ್ರಶಸ್ತಿ ಪಡೆದ ಈ ಚಿತ್ರದ ನಿಜವಾದ ವಸ್ತು ಕಾರಿನ ಹೊರಗಿದೆ.

ತೆನೋಚ್ ಉನ್ನತ ಅಧಿಕಾರಿಯ ಮಗ. ಹೂಲಿಯೊ ಕೆಳಮಧ್ಯಮ ವರ್ಗದವನು. ಇವರ ಹರಟೆಯ ನಡುವೆ ಶಬ್ದವೆಲ್ಲ ಥಟ್ಟನೆ ಅಡಗಿ, ನಿರೂಪಕನ ನಿರ್ಲಿಪ್ತ ಧ್ವನಿ ಕೇಳಿಬರುತ್ತದೆ. ನಗರದ ವಾಹನದಟ್ಟಣೆಗೆ ಕಾರಣ ಬಸ್ಸಿಗೆ ಸಿಲುಕಿ ಸತ್ತ ವಲಸೆ ಗಾರೆ ಕೆಲಸಗಾರ. ಪಾದಚಾರಿ ಸೇತುವೆ ಅವನ ದಾರಿಯಿಂದ ಬಹುದೂರವಿತ್ತು. ಕಾರು ತೆಪೆಲ್ಮೆಮೆ ಎಂಬ ಊರನ್ನು ಹಾದುಹೋಗುತ್ತದೆ. ತೆನೋಚ್‌ನನ್ನು ಸಾಕಿದ ದಾದಿಯ ಹುಟ್ಟೂರದು. ಬಾಲ್ಯದಲ್ಲಿ ಆಕೆಯನ್ನು ಅಮ್ಮನೆಂದೇ ಕರೆದವನು ಅಲ್ಲಿಗೆ ಒಮ್ಮೆಯೂ ಹೋಗಿಲ್ಲ. ಜೊತೆಯವರಿಗೂ ಅದನ್ನು ಹೇಳುವುದಿಲ್ಲ. ಹೆದ್ದಾರಿಯುದ್ದಕ್ಕೂ ಸೈನಿಕರು, ತಪಾಸಣೆ. ಛಾಯಾಗ್ರಾಹಕ ಇಮ್ಯಾನ್ಯುಯೆಲ್ ಲುಬೆಜ್ಕಿಯ ಕ್ಯಾಮೆರಾ ಆಗಾಗ ನಾಯಕರನ್ನು ಬಿಟ್ಟು ಇಂಥವರತ್ತ ಹೊರಳುತ್ತದೆ.

ಕಡಲತೀರದಲ್ಲಿ ಆದರಿಸಿದ ಮೀನುಗಾರನ ಭವಿಷ್ಯವನ್ನೂ ನಿರೂಪಕನೇ ತಿಳಿಸುತ್ತಾನೆ: ಐಷಾರಾಮಿ ಹೋಟೆಲ್ಲಿಗಾಗಿ ಅವನು ಜಾಗ ಬಿಡಬೇಕು, ಕೊನೆಗೆ ಅಲ್ಲಿಯೇ ಕಸ ಗುಡಿಸಬೇಕು, ಮತ್ತೆಂದೂ ಮೀನು ಹಿಡಿಯುವುದಿಲ್ಲ.

2000ದ ಅಧ್ಯಕ್ಷೀಯ ಚುನಾವಣೆಯಲ್ಲಿ, 71 ವರ್ಷ ಆಳಿದ ಪಿಆರ್‌ಐ ಪಕ್ಷ ಸೋತಿತು. ಚಿತ್ರದ ಅಂತ್ಯದಲ್ಲಿ ಇದೂ ಒಂದು ಸುದ್ದಿಯಷ್ಟೇ. ಆ ಹೊತ್ತಿಗೆ ಬೇರೆಯಾಗಿರುವ ಗೆಳೆಯರು ಕೊನೆಯ ಬಾರಿಗೆ ಕಾಫಿ ಕುಡಿಯುತ್ತಾರೆ. ಆಳುವವರು ಬದಲಾದರೂ ಇಬ್ಬರ ನಡುವಿನ ವರ್ಗದ ಗೋಡೆ ಹಾಗೆಯೇ ನಿಂತಿದೆ.