ಕೇಸು ನಡೆಯುತ್ತಿರುವಾಗಲೇ ವಾದಿ ತೀರಿಕೊಂಡರೆ?

ಬೆಳ್ಳಾರೆಯ ಒಂದು ಅಡಿಕೆ ತೋಟದ ಗಡಿ ತಕರಾರು ಸುಳ್ಯ ಕೋರ್ಟಿನಲ್ಲಿದೆ ಎಂದುಕೊಳ್ಳಿ. ದಾವೆ ಹಾಕಿದ ಅಜ್ಜ ತೀರ್ಪಿಗೆ ಮೊದಲೇ ತೀರಿಕೊಂಡರು. ಕೇಸು ಮುಗಿಯಿತೇ?

ಇಲ್ಲ. ಜಾಗದ ಹಕ್ಕಿನ ಜೊತೆ ದಾವೆಯೂ ವಾರಸುದಾರರಿಗೆ ಬರುತ್ತದೆ. ಆದರೆ ತಾನಾಗಿ ಬರುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೇ ಆದೇಶದಂತೆ ಅರ್ಜಿ ಕೊಟ್ಟು, ಅಜ್ಜನ ಬದಲಿಗೆ ನಿಮ್ಮ ಹೆಸರು ಸೇರಿಸಿಕೊಳ್ಳಬೇಕು. ಗಡುವು 90 ದಿನ. ಲೆಕ್ಕ ಶುರುವಾಗುವುದು ತೀರಿಕೊಂಡ ದಿನದಿಂದ; ಉತ್ತರಕ್ರಿಯೆ ಮುಗಿದ ಮೇಲಲ್ಲ, ಮರಣಪತ್ರ ಕೈಗೆ ಬಂದ ಮೇಲೂ ಅಲ್ಲ. ಹಾಗಾಗಿ ಸಾವಿನ ಸುದ್ದಿಯನ್ನು ವಕೀಲರಿಗೆ ಕೂಡಲೇ ತಿಳಿಸಿ. ಮದುವೆಯಾಗಿ ಹೋದ ಹೆಣ್ಣುಮಕ್ಕಳ ಹೆಸರು ಬಿಡಬೇಡಿ, ಅವರೂ ವಾರಸುದಾರರೇ.

90 ದಿನ ಮೀರಿದರೆ ದಾವೆ 'ಅಬೇಟ್' ಆಗುತ್ತದೆ, ಅಂದರೆ ಅಲ್ಲಿಗೇ ಬಿದ್ದುಹೋಗುತ್ತದೆ. ಅದನ್ನು ಎಬ್ಬಿಸಲು ಇನ್ನೂ 60 ದಿನ ಇದೆ. ಅದೂ ಕಳೆದರೆ, ತಡವಾದದ್ದಕ್ಕೆ ತಕ್ಕ ಕಾರಣ ಕೊಟ್ಟು ಕೋರ್ಟಿನ ಮನವೊಲಿಸಬೇಕು. ನ್ಯಾಯ ನಿಮ್ಮ ಕಡೆಗಿದ್ದೂ ದಿನದ ಲೆಕ್ಕ ತಪ್ಪಿ ಜಾಗ ಕಳೆದುಕೊಳ್ಳುವುದು ನಿಜಕ್ಕೂ ಸಂಕಟದ ವಿಷಯ.

ವಾದ ಪೂರ್ತಿ ಮುಗಿದು ತೀರ್ಪು ಮಾತ್ರ ಬಾಕಿಯಿದ್ದರೆ ಈ ಭಯವಿಲ್ಲ. ಮಾನಹಾನಿಯಂಥ ದಾವೆ ಮಾತ್ರ, ವಾದ ಮುಗಿಯುವ ಮೊದಲು ವಾದಿ ತೀರಿಕೊಂಡರೆ, ಅವರೊಂದಿಗೇ ಕೊನೆಯಾಗುತ್ತದೆ.

ಕ್ರಿಮಿನಲ್ ಕೇಸಿನ ದಾರಿ ಬೇರೆ. ಅಲ್ಲಿ ಆರೋಪಿ ತೀರಿಕೊಂಡರೆ ಏನಾಗುತ್ತದೆ ಎಂಬುದಕ್ಕೆ ಒಂದು ಉದಾಹರಣೆ ನೋಡಿ. ತಮಿಳುನಾಡಿನ ಮುಖ್ಯಮಂತ್ರಿಯಾಗಿದ್ದ ಜಯಲಲಿತಾ ಅವರನ್ನು ಅಕ್ರಮ ಆಸ್ತಿ ಕೇಸಿನಲ್ಲಿ 2015ರಲ್ಲಿ ಕರ್ನಾಟಕ ಹೈಕೋರ್ಟ್ ಬಿಡುಗಡೆ ಮಾಡಿತು. ಅದರ ವಿರುದ್ಧ ನಮ್ಮ ರಾಜ್ಯ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 2016ರ ಡಿಸೆಂಬರ್ 5ರಂದು ಅವರು ನಿಧನರಾದರು. 2017ರ ಫೆಬ್ರುವರಿ 14ರ ತೀರ್ಪಿನಲ್ಲಿ ಅವರ ಮಟ್ಟಿಗೆ ಮೇಲ್ಮನವಿ ಅಬೇಟ್ ಆಯಿತು. ಅದೇ ಕೇಸಿನ ಉಳಿದ ಮೂವರು ಆರೋಪಿಗಳು ಜೈಲಿಗೆ ಹೋದರು.