ಸೈಬೀರಿಯಾದ ಹಕ್ಕಿ, ಸೊರಬದ ಜ್ವರ

ಹಕ್ಕಿಯ ಕಾಲಿಗೆ ತೊಡಿಸುವ ಲೋಹದ ಸಣ್ಣ ಉಂಗುರಕ್ಕೂ ನಮ್ಮ ಮಲೆನಾಡಿನ ಮಂಗನ ಕಾಯಿಲೆಗೂ ನಂಟಿದೆ ಎಂದು ನನಗೆ ಗೊತ್ತಾದದ್ದು ತೀರಾ ತಡವಾಗಿ. ಪಕ್ಷಿತಜ್ಞ ಸಲೀಂ ಅಲಿಯವರ ವಲಸೆ ಹಕ್ಕಿಗಳ ಅಧ್ಯಯನದ ಬಗ್ಗೆ ಓದುತ್ತಿದ್ದೆ. ಆ ದೊಡ್ಡ ಕೆಲಸಕ್ಕೆ ಮೊದಲು ನೆರವಾದದ್ದು ವಿಶ್ವ ಆರೋಗ್ಯ ಸಂಸ್ಥೆಯಂತೆ. ಕಾರಣ ಹುಡುಕುತ್ತ ಹೋದರೆ ಶಿವಮೊಗ್ಗ ಜಿಲ್ಲೆ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿಗೇ ಬಂದು ನಿಂತೆ.

1957ರ ಬೇಸಿಗೆಯ ಹೊತ್ತಿಗೆ ಆ ಕಾಡಿನಲ್ಲಿ ಮುಸುವಗಳೂ ಕೆಂಪು ಮೂತಿಯ ಮಂಗಗಳೂ ಸತ್ತು ಬೀಳತೊಡಗಿದ್ದವು. ಅದೇ ಹೊತ್ತಿಗೆ ಕಾಡಂಚಿನ ಮನೆಗಳಲ್ಲಿ ಜನ ಹಾಸಿಗೆ ಹಿಡಿದರು. ಏಕಾಏಕಿ ಸುಡುವ ಜ್ವರ, ತಲೆ ಸಿಡಿದುಹೋಗುವಂಥ ನೋವು, ಮೈಕೈ ಸೆಳೆತ, ಕೆಲವರಿಗೆ ಮೂಗು, ವಸಡುಗಳಲ್ಲಿ ರಕ್ತ. ಪುಣೆಯ ವೈರಸ್ ಸಂಶೋಧನಾ ಕೇಂದ್ರದಿಂದ ಟೆಲ್‌ಫರ್ಡ್ ವರ್ಕ್ ಮತ್ತು ಸಂಗಡಿಗರು ಧಾವಿಸಿ ಬಂದರು. ಆಫ್ರಿಕಾ, ದಕ್ಷಿಣ ಅಮೆರಿಕಗಳಲ್ಲಿ ಮನುಷ್ಯರನ್ನೂ, ದಕ್ಷಿಣ ಅಮೆರಿಕದಲ್ಲಿ ಮಂಗಗಳನ್ನೂ ಕೊಲ್ಲುವ ಹಳದಿ ಜ್ವರ ಏಷ್ಯಾಕ್ಕೂ ಕಾಲಿಟ್ಟಿತೇ ಎಂಬುದು ಅವರ ಭಯ. ಅದು ಹಳದಿ ಜ್ವರವಾಗಿರಲಿಲ್ಲ. ಜಗತ್ತು ಅದುವರೆಗೆ ಕಾಣದ ವೈರಸ್ಸು. ಹರಡುತ್ತಿದ್ದುದು ಸೊಳ್ಳೆಯಲ್ಲ, ಉಣುಗು. ಅದರ ಬೆನ್ನು ಹತ್ತಿದ ಪ್ರಯೋಗಾಲಯದ ಸಿಬ್ಬಂದಿಯಲ್ಲೂ ಹಲವರು ಜ್ವರ ಹಿಡಿದು ಮಲಗಿದರು. ವಿಜ್ಞಾನದ ಪುಸ್ತಕಗಳಲ್ಲಿ ಅದು ಕ್ಯಾಸನೂರು ಕಾಡಿನ ಕಾಯಿಲೆ. ಸತ್ತ ಮಂಗವನ್ನು ಕಣ್ಣಾರೆ ಕಂಡ ನಮ್ಮವರ ಬಾಯಲ್ಲಿ ಮಂಗನ ಕಾಯಿಲೆ.

ಈ ವೈರಸ್ಸು ರಷ್ಯಾದ ಕಾಡುಗಳಲ್ಲಿ ಉಣುಗಿನಿಂದ ಹರಡುವ ಮಿದುಳು ಜ್ವರದ ವೈರಸ್ಸಿಗೆ ಹತ್ತಿರದ ಬಳಗ ಎಂದು ಪರೀಕ್ಷೆಗಳು ಹೇಳಿದವು. ಹಾಗಾದರೆ ಅದು ಸೊರಬದವರೆಗೆ ಬಂದದ್ದು ಹೇಗೆ? ಚಳಿಗಾಲದಲ್ಲಿ ಉತ್ತರದಿಂದ ಲಕ್ಷಾಂತರ ಹಕ್ಕಿಗಳು ನಮ್ಮಲ್ಲಿಗೆ ಬರುತ್ತವೆ; ಅವುಗಳ ಮೈಗಂಟಿದ ಉಣುಗೇ ಸೈಬೀರಿಯಾದಿಂದ ರೋಗ ತಂದಿರಬೇಕು ಎಂಬ ಊಹೆ ಹುಟ್ಟಿತು. 1959ರ ಹೊತ್ತಿಗೆ ಸಲೀಂ ಅಲಿ ನೇತೃತ್ವದಲ್ಲಿ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯವರು ಬಲೆ ಬೀಸಿ ಹಕ್ಕಿ ಹಿಡಿದು, ಉಣುಗು ಹೆಕ್ಕಿ, ಕಾಲಿಗೆ ಉಂಗುರ ತೊಡಿಸಿ ಹಾರಿಬಿಡತೊಡಗಿದರು. ಮುಂದೆ ಈ ಕೆಲಸಕ್ಕೆ ಅಮೆರಿಕದ ಸೇನೆಯ ಹಣವೂ ಸೇರಿತು. ಇದು ರೋಗಾಣು ಯುದ್ಧದ ತಯಾರಿಯೇ ಎಂಬ ಶಂಕೆ 1970ರ ದಶಕದಲ್ಲಿ ಸಂಸತ್ತಿನವರೆಗೂ ಹೋಯಿತು. ಹಕ್ಕಿಗಳ ದಾರಿ ದೇಶಕ್ಕೆ ತಿಳಿದದ್ದು ಆ ಉಂಗುರಗಳಿಂದ. ಆ ಲಾಭ ಸಣ್ಣದಲ್ಲ. ಆದರೆ ಹಕ್ಕಿಯೇ ರೋಗ ತಂದಿತೆಂಬುದು ಸಾಬೀತಾಗಲಿಲ್ಲ.

ಮದ್ದನ್ನೂ ಹೊರಗಿನಿಂದಲೇ ತಂದಿದ್ದರು. ರಷ್ಯಾದ ಆ ಜ್ವರಕ್ಕೆಂದು ಮಾಡಿದ ಲಸಿಕೆಯನ್ನು ಮೊದಲು ಮಲೆನಾಡಿನವರಿಗೆ ಚುಚ್ಚಿ ನೋಡಿದರು. ಫಲ ಸಿಗಲಿಲ್ಲ.

ನನಗೆ ಬಹಳ ಮೆಚ್ಚುಗೆಯಾದವರು ಹೋರ್ಹೆ ಬೊಶೆಲ್. ಕೊಲಂಬಿಯಾದ ಈ ವಿಜ್ಞಾನಿ ತಮ್ಮ ನಾಡಿನಲ್ಲಿ ಕಾಡಿನ ಹಳದಿ ಜ್ವರದ ಗುಟ್ಟು ಹುಡುಕಿದವರು. ಮರದ ನೆತ್ತಿಯಲ್ಲಿರುವ ಸೊಳ್ಳೆಗಳು ಮರ ಕಡಿದಾಗ ಕೆಳಗಿಳಿದು ಮನುಷ್ಯರನ್ನು ಕಚ್ಚುವುದನ್ನು ಕಂಡಿದ್ದರು. ಮಲೆನಾಡಿಗೆ ಬಂದ ಅವರು ಆಕಾಶ ನೋಡಲಿಲ್ಲ, ನೆಲ ನೋಡಿದರು. ಕಾಡು ಕಡಿದು ಗದ್ದೆ, ತೋಟ ಮಾಡಿದಂತೆ ಅಂಚಿನಲ್ಲಿ ಪೊದೆ ಬೆಳೆಯುತ್ತದೆ. ದನಗಳು ಅಲ್ಲಿ ಮೇಯುತ್ತವೆ. ಬೆಳೆದ ಉಣುಗಿಗೆ ದನದ ರಕ್ತವೇ ಊಟ. ಅದು ಉದುರಿ ಮೊಟ್ಟೆಯಿಟ್ಟರೆ ಮರಿಗಳು ಸಾವಿರಗಟ್ಟಲೆ. ಆ ಮರಿಗಳು ಇಲಿ, ಹೆಗ್ಗಣ, ಹಕ್ಕಿ, ಮಂಗಗಳ ಮೈಯೇರುತ್ತವೆ. ರೋಗ ತಗುಲಿ ಮಂಗ ಸತ್ತಾಗ ಅದರ ಮೈಮೇಲಿನ ಉಣುಗುಗಳೆಲ್ಲ ನೆಲಕ್ಕಿಳಿದು ಮುಂದಿನ ಬಿಸಿರಕ್ತಕ್ಕೆ ಕಾಯುತ್ತವೆ. ಇಲ್ಲಿನ ಕಾಡಿನೊಳಗೆ ಸದ್ದಿಲ್ಲದೆ ಇದ್ದ ವೈರಸ್ಸನ್ನು ಊರಿನ ಬಾಗಿಲಿಗೆ ತಂದದ್ದು ನಾವು ಕಾಡನ್ನು ಬದಲಿಸಿದ ರೀತಿ ಎಂಬುದು 1969ರಲ್ಲಿ ಅವರು ಮುಂದಿಟ್ಟ ವಾದ.

ಆ ಮಾತನ್ನು ಯಾರೂ ಗಟ್ಟಿಯಾಗಿ ಹಿಡಿದುಕೊಳ್ಳಲಿಲ್ಲ. 1982ರಲ್ಲಿ ಬೆಳ್ತಂಗಡಿ ತಾಲ್ಲೂಕಿನ ನಿಡ್ಲೆಯಲ್ಲಿ ಗೇರು ತೋಟಕ್ಕಾಗಿ ಕಾಡು ಕಡಿದರು. ಮೊದಲು ಮಂಗಗಳು ಸತ್ತವು, ಹಿಂದೆಯೇ ಮನುಷ್ಯರು. ಆ ಸುತ್ತಿನಲ್ಲಿ ಕಾಯಿಲೆ ಬಿದ್ದವರು ಸಾವಿರಕ್ಕೂ ಹೆಚ್ಚು.

ಮಲೆನಾಡಿನವರಿಗೆ ಕಾಡಿಗೆ ಹೋಗದೆ ಗತಿಯಿಲ್ಲ. ಡಿಸೆಂಬರಿನಿಂದ ಮೇವರೆಗೆ ರೋಗದ ಕಾಲ. ಕೊಟ್ಟಿಗೆಗೆ ದರಗು ಗುಡಿಸಿ ತರುವ, ಮಳೆಗಾಲಕ್ಕೆ ಸೌದೆ ಕೂಡಿಡುವ ಕಾಲವೂ ಅದೇ. ನಮ್ಮಮ್ಮ ದರಗಿನ ಹೊರೆ ಇಳಿಸಿದವಳೇ ಅಂಗಳದಲ್ಲಿ ನಿಂತು ಸೀರೆ ಕೊಡವುತ್ತಿದ್ದಳು. ಮಕ್ಕಳಾದ ನಾವು ಅವಳ ಕುತ್ತಿಗೆ, ಕಾಲುಗಳಲ್ಲಿ ಉಣುಗು ಹುಡುಕುತ್ತಿದ್ದೆವು. ರಾಗಿ ಕಾಳಿಗಿಂತ ಚಿಕ್ಕ ಆ ಮರಿಗಳು ಕಣ್ಣಿಗೇ ಬೀಳುತ್ತಿರಲಿಲ್ಲ.

ಕೋಳಿ ಭ್ರೂಣದ ಜೀವಕೋಶಗಳಲ್ಲಿ ಬೆಳೆಸಿದ ನಮ್ಮದೇ ಲಸಿಕೆ ಬಳಕೆಗೆ ಬಂದದ್ದು 1990ರ ಸುಮಾರಿಗೆ. ಬೆಂಗಳೂರಿನ ಹೆಬ್ಬಾಳದಲ್ಲಿ ತಯಾರಾಗುತ್ತಿತ್ತು. ತಿಂಗಳ ಅಂತರದಲ್ಲಿ ಎರಡು ಚುಚ್ಚು, ಮೇಲೆ ಬೂಸ್ಟರುಗಳು. ಚುಚ್ಚಿದ ಕಡೆ ವಿಪರೀತ ನೋವು, ಜನ ಹಿಂಜರಿದರು. 2013ರ ಅಧ್ಯಯನದ ಪ್ರಕಾರ ಎರಡು ಡೋಸಿನ ರಕ್ಷಣೆ ಸುಮಾರು ಶೇ 62, ಬೂಸ್ಟರೂ ಪಡೆದವರಿಗೆ ಸುಮಾರು ಶೇ 83. 2019ರ ಹೊತ್ತಿಗೆ ಸಾಗರ ತಾಲ್ಲೂಕಿನ ಅರಳಗೋಡು ಇದೇ ಕಾಯಿಲೆಯ ಸಾವುಗಳನ್ನು ಎಣಿಸಬೇಕಾಯಿತು. 2022ರಲ್ಲಿ ಲಸಿಕೆಯ ಶಕ್ತಿ ಸಾಲದೆಂದು ನಿಲ್ಲಿಸಿದರು. ಹಳೆಯದು ಕುಗ್ಗುತ್ತಿದ್ದಾಗಲೇ ಹೊಸದನ್ನು ಸಿದ್ಧಮಾಡಿಕೊಳ್ಳದೆ ಹೋದದ್ದಕ್ಕೆ ಕ್ಷಮೆಯಿಲ್ಲ. ಇದೇ ಸೋಂಕು ದೊಡ್ಡ ನಗರವೊಂದರಲ್ಲಿ ಹಬ್ಬಿದ್ದರೆ ಇಷ್ಟು ವರ್ಷ ಕಾಯುತ್ತಿದ್ದರೇ?

ಹೊಸ ಲಸಿಕೆಯ ಕೆಲಸ ಈಗ ನಡೆದಿದೆ. ಅದು ಮನೆ ಬಾಗಿಲಿಗೆ ಬರುವತನಕ ನಮ್ಮನ್ನು ಕಾಯಬೇಕಾದವರು ನಾವೇ. ಕಾಡಿಗೆ ಹೋಗುವ ಮುನ್ನ ಆರೋಗ್ಯ ಕೇಂದ್ರದಲ್ಲಿ ಕೊಡುವ, ಉಣುಗು ತಡೆಯುವ ಎಣ್ಣೆ ಹಚ್ಚಿಕೊಳ್ಳಿ. ಮೈತುಂಬ ಬಟ್ಟೆ ತೊಡಿ. ಬಂದ ಕೂಡಲೇ ಬಿಸಿನೀರಿನ ಸ್ನಾನ ಮಾಡಿ, ಬಟ್ಟೆ ಒಗೆಯಿರಿ. ಮಂಗ ಸತ್ತು ಬಿದ್ದಿದ್ದರೆ ಮುಟ್ಟಬೇಡಿ, ಹತ್ತಿರವೂ ಹೋಗಬೇಡಿ. ಅಂದೇ ಆರೋಗ್ಯ ಕೇಂದ್ರಕ್ಕೆ ತಿಳಿಸಿ. ಕಾಡಿಗೆ ಹೋಗಿ ಬಂದವರಿಗೆ ಜ್ವರ ಬಂದರೆ ಒಂದು ದಿನವೂ ತಡಮಾಡದೆ ರಕ್ತ ಪರೀಕ್ಷೆ ಮಾಡಿಸಿ.