ಬಾಗಿಲ ಬುಡ ಕೊಯ್ಯುವ ಪುಟ್ಟ ಯಂತ್ರ

ಅಕ್ಕಂದಿರೇ, ಎನ್. ಬೇಗೂರಿನ ನಮ್ಮ ಹಳೇ ಮನೆಗೆ ಟೈಲ್ಸ್ ಹಾಕಿಸಬೇಕು ಅಂದುಕೊಳ್ಳೋಣ. ಒಳಬಾಗಿಲ ಚೌಕಟ್ಟಿನ ಬುಡ ಟೈಲ್ಸಿಗೆ ಅಡ್ಡ ಬರುತ್ತದೆ. ಗರಗಸ ಆ ಮೂಲೆಗೆ ಹೋಗೋದಿಲ್ಲ. ಚೌಕಟ್ಟು ಕಿತ್ತರೆ ಗೋಡೆ ಒಡೆಯುತ್ತದೆ. ಏನು ಮಾಡೋಣ?

ಇದಕ್ಕೆ ಮಲ್ಟಿ ಟೂಲ್ ಎಂಬ ಕರೆಂಟ್ ಯಂತ್ರ ಇದೆ. ಇದರ ಬ್ಲೇಡು ಗಿರಗಿರ ಸುತ್ತುವುದಿಲ್ಲ. ಅತ್ತಿತ್ತ ನಡುಗುತ್ತದೆ. ನಿಮಿಷಕ್ಕೆ ಸುಮಾರು 20,000 ಸಲ! ಮುರಿದ ಕೈಯ ಸಿಮೆಂಟ್ ಕಟ್ಟು ಬಿಚ್ಚಲು ಆಸ್ಪತ್ರೆಯಲ್ಲಿ ಇಂಥದ್ದೇ ಯಂತ್ರ ಬಳಸುತ್ತಾರೆ. ಅದನ್ನು ಅಮೆರಿಕದ ಡಾಕ್ಟರ್ ಹೋಮರ್ ಸ್ಟ್ರೈಕರ್ 1940ರ ದಶಕದಲ್ಲಿ ರೂಪಿಸಿದರು. ಅದು ಚರ್ಮ ಕೊಯ್ಯುವುದು ಕಡಿಮೆ. ಆದರೆ ಮರ ಕೊಯ್ಯುವ ಬ್ಲೇಡಿಗೆ ಚೂಪು ಹಲ್ಲಿದೆ. ಕೈ ತಾಗಿದರೆ ಗಾಯ ಆಗುತ್ತದೆ.

ಕೊಯ್ಯೋದು ಹೇಗೆ? ಚೌಕಟ್ಟಿನ ಮೇಲೆ ಗೋಡೆಯ ಭಾರ ಇದೆಯೇ ಎಂದು ಮೊದಲು ಗಾರೆಯವರನ್ನು ಕೇಳಿ. ಭಾರ ಇದ್ದರೆ ಕೊಯ್ಯಬೇಡಿ. ಇಲ್ಲದಿದ್ದರೆ, ಗಾರೆಯಷ್ಟು ದಪ್ಪದ ಹಲಗೆ ಇಡಿ. ಅದರ ಮೇಲೆ ಟೈಲ್ಸ್ ತುಂಡು ಇಡಿ. ಬ್ಲೇಡನ್ನು ಅದಕ್ಕೆ ತಾಗಿಸಿ ಮಲಗಿಸಿ ನಿಧಾನವಾಗಿ ಕೊಯ್ಯಿರಿ. ಜೋರಾಗಿ ಒತ್ತಬೇಡಿ. ಹಲವು ಯಂತ್ರಗಳಲ್ಲಿ ವೇಗಕ್ಕೆ 1ರಿಂದ 6ರವರೆಗೆ ಅಂಕಿ ಇರುತ್ತವೆ. ನಮಗೀಗ ಅಂಕಿ ಓದಲು ಬರುತ್ತದಲ್ಲ!

ಸೆರಗು ಸಿಕ್ಕಿಸಿ. ಜಡೆ ಮೇಲೆ ಕಟ್ಟಿ. ಕಣ್ಣಿಗೆ ಕನ್ನಡಕ ಹಾಕಿ. ಬ್ಲೇಡು ಬದಲಿಸುವ ಮುಂಚೆ ಪ್ಲಗ್ ಕಿತ್ತುಬಿಡಿ. ಒಳಗೆ ಕರೆಂಟ್ ವೈರ್ ಇದೆಯೇ ನೋಡಿಕೊಳ್ಳಿ. ಆಸ್ಬೆಸ್ಟಾಸ್ ಶೀಟ್ ಮಾತ್ರ ಕೊಯ್ಯಲೇಬೇಡಿ. ಅದರ ದೂಳು ಎದೆಗೆ ಹೋದರೆ ಮುಂದೆ ಕ್ಯಾನ್ಸರ್ ಬರಬಹುದು.

ಕೆಲಸದವರೇ ಕೊಯ್ದರೂ ನಾವು ಇದನ್ನೆಲ್ಲ ಕೇಳಿ ತಿಳಿಯೋಣ. ಮನೆ ನಮ್ಮದು. ಜೀವವೂ ನಮ್ಮದೇ.